ಮಾಡಿದ ಕೆಲಸವನ್ನು ಇನ್ನೊಬ್ಬರು ನೋಡಲಿ: ಬಗ್ದಾದಿನ ವೈದ್ಯರ ಪರೀಕ್ಷೆ ಕಲಿಸುವ ಪಾಠ

ಮನೆಯಲ್ಲಿ ಒಬ್ಬರು ಕಾಯಿಲೆಯಿಂದ ತೀರಿಕೊಂಡಾಗ ನಾವು ಅಲ್ಲಾಹನ ತೀರ್ಮಾನಕ್ಕೆ ತಲೆಬಾಗುತ್ತೇವೆ. ಆಯುಸ್ಸು ಅಷ್ಟೇ ಇತ್ತು ಎಂದು ಪರಸ್ಪರ ಸಮಾಧಾನ ಹೇಳಿಕೊಳ್ಳುತ್ತೇವೆ. ಆದರೂ ಎಷ್ಟೋ ಮನೆಗಳಲ್ಲಿ ಒಂದು ಪ್ರಶ್ನೆ ಉಳಿದುಬಿಡುತ್ತದೆ. ಕೊಟ್ಟ ಮದ್ದು ಸರಿಯಾಗಿತ್ತೇ? ನೋಡಬೇಕಾದ ಸಮಯಕ್ಕೆ ನೋಡಿದರೇ? ಈ ಪ್ರಶ್ನೆಯನ್ನು ಬಾಯಿಬಿಟ್ಟು ಕೇಳಲು ಹಲವರು ಹಿಂಜರಿಯುತ್ತಾರೆ. ಕೇಳಿದರೆ ವಿಧಿಯ ವಿರುದ್ಧ ದೂರಿದಂತಾಗುತ್ತದೆಯೋ ಎಂಬ ಅಳುಕು ಒಂದು ಕಡೆ, ದೊಡ್ಡ ವೈದ್ಯರನ್ನು ಪ್ರಶ್ನಿಸಲು ನಾವು ಯಾರು ಎಂಬ ಸಂಕೋಚ ಇನ್ನೊಂದು ಕಡೆ.

ನಮ್ಮ ಹಿರಿಯರು ಈ ಪ್ರಶ್ನೆಯನ್ನು ಹೇಗೆ ಕಂಡಿದ್ದರು ಎಂದು ತಿಳಿಯಲು ಸಾವಿರ ವರ್ಷ ಹಿಂದಕ್ಕೆ ಹೋಗಬೇಕು. ಒಂದು ಕಸುಬಿನವರ ಕೆಲಸವನ್ನು ಅದೇ ಕಸುಬು ಬಲ್ಲ ಇನ್ನೊಬ್ಬರು ಪರಿಶೀಲಿಸಿ ಸರಿತಪ್ಪು ಹೇಳುವ ಪದ್ಧತಿಗೆ ಇಂದು ಪಿಯರ್ ರಿವ್ಯೂ ಎನ್ನುತ್ತಾರೆ. ವಿಜ್ಞಾನದ ಪತ್ರಿಕೆಗಳಲ್ಲಿ, ಆಸ್ಪತ್ರೆಗಳಲ್ಲಿ, ಸೇತುವೆ ಕಟ್ಟುವಲ್ಲಿ, ಸಾಫ್ಟ್‌ವೇರ್ ಕಂಪೆನಿಗಳಲ್ಲಿ ಇದಿಲ್ಲದೆ ಕೆಲಸ ಸಾಗದು. ಇದು ಇತ್ತೀಚಿನ ಯುರೋಪಿನ ಕಾಣಿಕೆ ಎಂದೇ ಹೆಚ್ಚಿನವರು ತಿಳಿದಿದ್ದಾರೆ. ಆದರೆ ಇದರ ಇತಿಹಾಸದಲ್ಲಿ ಬಗ್ದಾದ್, ದಮಸ್ಕಸ್ ಮತ್ತು ಕೈರೋ ನಗರಗಳಿಗೂ ಒಂದು ಅಧ್ಯಾಯವಿದೆ.

ಬಗ್ದಾದಿನ ಒಂದು ಸಾವು

ಹಿಜರಿ 319, ಅಂದರೆ ಕ್ರಿ.ಶ. 931. ಬಗ್ದಾದಿನಲ್ಲಿ ಅಬ್ಬಾಸಿ ಖಲೀಫ ಅಲ್-ಮುಕ್ತದಿರ್ ಆಳುತ್ತಿದ್ದ ಕಾಲ. ವೈದ್ಯನೊಬ್ಬ ಮಾಡಿದ ತಪ್ಪಿನಿಂದ ಸಾಮಾನ್ಯ ಪ್ರಜೆಯೊಬ್ಬ ಸತ್ತನೆಂಬ ಸುದ್ದಿ ಖಲೀಫರ ಕಿವಿಗೆ ಬಿತ್ತು. ಸತ್ತವನು ಮಂತ್ರಿಯಲ್ಲ, ಸೇನಾಪತಿಯಲ್ಲ. ಆತನ ಹೆಸರನ್ನೂ ಚರಿತ್ರೆಕಾರರು ಬರೆದಿಟ್ಟಿಲ್ಲ. ಆದರೆ ಆ ಸಾವಿನ ಫಲವಾಗಿ ಒಂದು ಆಜ್ಞೆ ಹೊರಟಿತು: ಸಿನಾನ್ ಬಿನ್ ಸಾಬಿತ್ ಪರೀಕ್ಷಿಸಿ ಒಪ್ಪಿಗೆ ಕೊಡುವ ತನಕ ನಗರದ ಯಾವ ವೈದ್ಯನೂ ಚಿಕಿತ್ಸೆ ಮಾಡುವಂತಿಲ್ಲ. ಅದನ್ನು ಜಾರಿಗೆ ತರುವ ಹೊಣೆ ಮುಹ್ತಸಿಬ್ ಎಂಬ ಅಧಿಕಾರಿಯದು. ಮಾರುಕಟ್ಟೆಯ ತೂಕ, ಅಳತೆ, ಕಲಬೆರಕೆ ಮುಂತಾದವನ್ನು ನೋಡಿಕೊಳ್ಳುತ್ತಿದ್ದವರು ಇವರೇ.

ಇಲ್ಲಿ ಗಮನಿಸಬೇಕಾದ ಅಂಶವೊಂದಿದೆ. ವೈದ್ಯರನ್ನು ಪರೀಕ್ಷಿಸುವ ಕೆಲಸವನ್ನು ಖಲೀಫರು ತಮ್ಮ ಆಸ್ಥಾನದ ಅಧಿಕಾರಿಗೆ ಕೊಡಲಿಲ್ಲ, ನ್ಯಾಯಾಧೀಶರಿಗೂ ಕೊಡಲಿಲ್ಲ. ಕಸುಬು ಬಲ್ಲ ವೈದ್ಯರಿಗೇ ಕೊಟ್ಟರು. ಸಿನಾನ್ ಪ್ರಸಿದ್ಧ ಗಣಿತಜ್ಞ ಸಾಬಿತ್ ಬಿನ್ ಕುರ್ರಾ ಅವರ ಮಗ, ಹರ್ರಾನಿನ ಸಾಬಿ ಮನೆತನದವರು. ಪರೀಕ್ಷೆಗೆ ಹಾಜರಾದವರ ಸಂಖ್ಯೆ 860ಕ್ಕೂ ಹೆಚ್ಚು ಎಂದು ಇತಿಹಾಸಕಾರ ಇಬ್ನುಲ್ ಕಿಫ್ತಿ ದಾಖಲಿಸಿದ್ದಾರೆ. ಈಗಾಗಲೇ ಹೆಸರುವಾಸಿಯಾಗಿದ್ದವರು ಮತ್ತು ಅರಮನೆಯ ಸೇವೆಯಲ್ಲಿದ್ದವರು ಈ ಲೆಕ್ಕದಲ್ಲಿಲ್ಲ, ಅವರಿಗೆ ಪರೀಕ್ಷೆಯಿಂದ ವಿನಾಯಿತಿ ಇತ್ತು. ಉಳಿದ ಪ್ರತಿಯೊಬ್ಬರಿಗೂ ಅವರವರ ತಿಳುವಳಿಕೆಗೆ ತಕ್ಕಂತೆ ಯಾವ ಚಿಕಿತ್ಸೆ ಮಾಡಬಹುದು ಎಂಬುದನ್ನು ಸಿನಾನ್ ಬರೆದುಕೊಟ್ಟರು.

ಈ ಪರೀಕ್ಷೆಯ ಕುರಿತು ಇಬ್ನುಲ್ ಕಿಫ್ತಿ ಒಂದು ಸ್ವಾರಸ್ಯದ ಘಟನೆ ಹೇಳುತ್ತಾರೆ. ಒಳ್ಳೆಯ ಉಡುಪು ತೊಟ್ಟ, ಗಂಭೀರ ಮುಖದ ವೃದ್ಧರೊಬ್ಬರು ಬಂದರು. ಸಿನಾನ್ ಅವರನ್ನು ಗೌರವದಿಂದ ಹತ್ತಿರ ಕೂರಿಸಿಕೊಂಡು, ಎಲ್ಲರೂ ಹೋದ ಮೇಲೆ, ತಮ್ಮ ಗುರು ಯಾರು ಎಂದು ವಿಚಾರಿಸಿದರು. ವೃದ್ಧರು ದೀನಾರುಗಳ ಪೊಟ್ಟಣವನ್ನು ಮುಂದಿಟ್ಟು ನಿಜ ಹೇಳಿಬಿಟ್ಟರು: ತನಗೆ ಓದುಬರಹ ಸರಿಯಾಗಿ ಬಾರದು, ಆದರೆ ಈ ಕಸುಬಿನಿಂದಲೇ ಸಂಸಾರ ನಡೆಯುತ್ತಿದೆ, ಅದನ್ನು ಕಡಿದು ಹಾಕಬೇಡಿ. ಸಿನಾನ್ ನಕ್ಕರು. ಗೊತ್ತಿಲ್ಲದ ಕಾಯಿಲೆಗೆ ಕೈ ಹಾಕಬಾರದು, ಸಾಧಾರಣ ಕಾಯಿಲೆಗಳಿಗಲ್ಲದೆ ರಕ್ತ ತೆಗೆಸುವುದಾಗಲಿ ಭೇದಿಯ ಮದ್ದು ಕೊಡುವುದಾಗಲಿ ಮಾಡಬಾರದು ಎಂಬ ಷರತ್ತು ಹಾಕಿ ಬಿಟ್ಟರು. ವೃದ್ಧರು, ತಾನು ಮೊದಲಿನಿಂದಲೂ ಸಿಕಂಜಬೀನ್ ಮತ್ತು ಗುಲಾಬಿ ಶರಬತ್ತಿನಿಂದ ಆಚೆಗೆ ಹೋದವನೇ ಅಲ್ಲ ಎಂದರು. ಮರುದಿನ ಚುರುಕಾದ ಯುವಕನೊಬ್ಬ ಬಂದ. ಯಾರಲ್ಲಿ ಕಲಿತೆ ಎಂದು ಕೇಳಿದರೆ, ತಂದೆಯಲ್ಲಿ ಎಂದ. ತಂದೆ ಯಾರು? ನಿನ್ನೆ ತಮ್ಮ ಬಳಿ ಬಂದಿದ್ದ ಹಿರಿಯರೇ! ಸಿನಾನ್ ಅವನಿಗೂ ಅದೇ ಮಾತು ಹೇಳಿದರು: ತಂದೆಯ ದಾರಿಯಲ್ಲೇ ಇರು, ಅದನ್ನು ಮೀರಬೇಡ.

ಈ ಘಟನೆಯಲ್ಲಿ ನಗು ಇದೆ, ಒಂದು ವಿವೇಕವೂ ಇದೆ. ಬಡವನ ಅನ್ನಕ್ಕೆ ಕಲ್ಲು ಹಾಕದೆಯೂ ರೋಗಿಯ ಪ್ರಾಣಕ್ಕೆ ಗಡಿ ಹಾಕಲು ಸಾಧ್ಯವೆಂಬುದನ್ನು ಸಿನಾನ್ ತೋರಿಸಿದರು. ಹಾಗೆಂದು ಇದನ್ನು ಆದರ್ಶ ವ್ಯವಸ್ಥೆ ಎಂದು ಹೊಗಳಬೇಕಾಗಿಲ್ಲ. ಹೆಸರಿದ್ದವರಿಗೆ ವಿನಾಯಿತಿ ಸಿಕ್ಕಿತ್ತು. ತಪ್ಪು ಮಾಡುವವರು ಹೆಸರಿಲ್ಲದವರು ಮಾತ್ರವೇ? ಈ ಪ್ರಶ್ನೆ ಅಂದಿಗೂ ಇತ್ತು, ಇಂದಿಗೂ ಇದೆ.

ಚೀಟಿಯ ಪ್ರತಿ ಮನೆಯವರ ಕೈಯಲ್ಲಿ

ಕೆಲಸಕ್ಕೆ ಮೊದಲು ಕೆಲಸಗಾರನನ್ನು ಪರೀಕ್ಷಿಸುವುದು ಒಂದು ಹಂತ. ಮಾಡಿದ ಕೆಲಸವನ್ನೇ ಪರೀಕ್ಷಿಸುವುದು ಇನ್ನೂ ಮುಂದಿನ ಹಂತ. ಇದರ ವಿವರ ನಮಗೆ ಇಸ್‌ಹಾಕ್ ಬಿನ್ ಅಲಿ ಅರ್-ರುಹಾವಿ ಬರೆದ 'ಅದಬುತ್ತಬೀಬ್', ಅಂದರೆ ವೈದ್ಯನ ನಡತೆ ಎಂಬ ಗ್ರಂಥದಲ್ಲಿ ಸಿಗುತ್ತದೆ. ಇವರು 9ನೇ ಶತಮಾನದವರು. ಊರು ರುಹಾ, ಇಂದಿನ ತುರ್ಕಿಯ ಉರ್ಫಾ ನಗರ. ಇವರನ್ನು ಕ್ರೈಸ್ತರೆನ್ನುವ ಸಂಶೋಧಕರಿದ್ದಾರೆ, ಯಹೂದಿ ಎನ್ನುವವರೂ ಇದ್ದಾರೆ. 20 ಅಧ್ಯಾಯಗಳ ಈ ಅರಬಿ ಗ್ರಂಥದ ಹಸ್ತಪ್ರತಿ ತುರ್ಕಿಯ ಎದಿರ್ನೆ ನಗರದಲ್ಲಿ ಉಳಿದುಬಂದಿದೆ.

ವೈದ್ಯನು ರೋಗಿಯನ್ನು ನೋಡಿದಾಗಲೆಲ್ಲ ಕಂಡ ಲಕ್ಷಣಗಳನ್ನೂ ಕೊಟ್ಟ ಮದ್ದನ್ನೂ ಬರೆದಿಡಬೇಕು, ರೋಗಿ ಗುಣವಾದಾಗ ಅಥವಾ ತೀರಿಕೊಂಡಾಗ ಆ ಬರಹವನ್ನು ಇತರ ವೈದ್ಯರು ಓದಿ, ಚಿಕಿತ್ಸೆ ಕಸುಬಿನ ನಿಯಮದಂತೆ ನಡೆಯಿತೇ ಎಂದು ತೀರ್ಮಾನಿಸಬೇಕು ಎಂಬುದು ಅದರ ಸಾರ. ಈ ಕಾರಣಕ್ಕಾಗಿಯೇ ಪಿಯರ್ ರಿವ್ಯೂ ಪದ್ಧತಿಯ ಚರಿತ್ರೆ ಬರೆದ ಕೆಲವು ಆಧುನಿಕ ವಿದ್ವಾಂಸರು ರುಹಾವಿಯ ಹೆಸರಿನಿಂದಲೇ ಆರಂಭಿಸುತ್ತಾರೆ.

12ನೇ ಶತಮಾನದಲ್ಲಿ ಸಿರಿಯಾದ ಅಶ್-ಶೈಝರಿ ಮುಹ್ತಸಿಬರಿಗಾಗಿ ಒಂದು ಕೈಪಿಡಿ ಬರೆದರು. ಅದರಲ್ಲಿ ಈ ಪದ್ಧತಿಯನ್ನು ಮತ್ತಷ್ಟು ಬಿಡಿಸಿ ಹೇಳಲಾಗಿದೆ. ವೈದ್ಯ ರೋಗಿಯ ಬಳಿ ಬಂದು ಕಾಯಿಲೆಯ ಕಾರಣ ವಿಚಾರಿಸುತ್ತಾನೆ, ನಾಡಿ ನೋಡುತ್ತಾನೆ, ಮೂತ್ರ ಪರೀಕ್ಷಿಸುತ್ತಾನೆ. ಬಳಿಕ ಚಿಕಿತ್ಸೆಯನ್ನು ಚೀಟಿಯಲ್ಲಿ ಬರೆದು, ಹಾಜರಿದ್ದವರ ಸಾಕ್ಷಿಯಲ್ಲಿ ಅದರ ಪ್ರತಿಯನ್ನು ಮನೆಯವರಿಗೆ ಕೊಡುತ್ತಾನೆ. ಮರುದಿನ ಮತ್ತೆ ಬಂದು ನೋಡಿ ಮತ್ತೊಂದು ಚೀಟಿ. ಹೀಗೆ ದಿನಕ್ಕೊಂದರಂತೆ ಕೊನೆಯ ತನಕ. ರೋಗಿ ಗುಣವಾದರೆ ವೈದ್ಯನಿಗೆ ಸಂಬಳವೂ ಸಿಗುತ್ತದೆ, ಉಡುಗೊರೆಯೂ ಸಿಗುತ್ತದೆ. ತೀರಿಕೊಂಡರೆ ಮನೆಯವರು ಆ ಚೀಟಿಗಳನ್ನು ತೆಗೆದುಕೊಂಡು ಊರಿನ ಮುಖ್ಯ ವೈದ್ಯರ ಬಳಿಗೆ ಹೋಗುತ್ತಾರೆ. ಎಲ್ಲವೂ ಕಸುಬಿನ ನಿಯಮದಂತಿದೆ, ಅಲಕ್ಷ್ಯವಾಗಲಿ ಕೊರತೆಯಾಗಲಿ ಇಲ್ಲ ಎಂದು ಕಂಡರೆ, ಆತನ ಆಯುಸ್ಸು ಮುಗಿದಿತ್ತು ಎಂದು ಅವರು ತಿಳಿಸುತ್ತಾರೆ. ಅದಕ್ಕೆ ವಿರುದ್ಧವಾಗಿ ಕಂಡರೆ, ಈ ವೈದ್ಯನಿಂದ ದಿಯತ್, ಅಂದರೆ ಜೀವದ ಪರಿಹಾರಧನ ವಸೂಲು ಮಾಡಿ, ಅಲಕ್ಷ್ಯದಿಂದ ನಿಮ್ಮವನನ್ನು ಕೊಂದವನು ಈತನೇ ಎಂದು ಹೇಳುತ್ತಾರೆ.

ನಾವು ಆರಂಭದಲ್ಲಿ ಎತ್ತಿದ ಪ್ರಶ್ನೆಗೆ ಉತ್ತರ ಇಲ್ಲಿದೆ. ಆಯುಸ್ಸು ಮುಗಿಯಿತು ಎಂಬ ಮಾತು ವಿಚಾರಣೆಯನ್ನು ತಡೆಯುವ ಬಾಗಿಲಾಗಿರಲಿಲ್ಲ. ವಿಚಾರಣೆ ಮುಗಿದ ಮೇಲೆ ಮನೆಯವರಿಗೆ ಸಿಗುವ ಸಮಾಧಾನವಾಗಿತ್ತು. ಇದಕ್ಕೆ ಶರೀಅತಿನ ಆಧಾರವೂ ಇತ್ತು. ವೈದ್ಯ ಜ್ಞಾನವಿಲ್ಲದವನು ಚಿಕಿತ್ಸೆಗೆ ಇಳಿದರೆ ಆಗುವ ಹಾನಿಗೆ ಅವನೇ ಹೊಣೆ ಎಂಬ ಪ್ರವಾದಿ(ಸ)ರ ಬೋಧನೆಯನ್ನು ಅಬೂದಾವೂದ್ ಮುಂತಾದ ಹದೀಸ್ ಸಂಗ್ರಹಗಳು ದಾಖಲಿಸಿವೆ. ಅದೇ ರೀತಿ, ಬಲ್ಲ ವೈದ್ಯನು ನಿಯಮದಂತೆ ಚಿಕಿತ್ಸೆ ಮಾಡಿಯೂ ರೋಗಿ ಉಳಿಯದಿದ್ದರೆ ಆತನ ಮೇಲೆ ಹೊಣೆಯಿಲ್ಲ ಎಂದೂ ಕರ್ಮಶಾಸ್ತ್ರ ಪಂಡಿತರು ಹೇಳಿದರು. ಚೀಟಿಯ ಪರಿಶೀಲನೆ ರೋಗಿಯ ಮನೆಯವರನ್ನು ಕಾಯುವಂತೆ ಪ್ರಾಮಾಣಿಕ ವೈದ್ಯನನ್ನೂ ಸುಳ್ಳು ದೂರಿನಿಂದ ಕಾಯುತ್ತಿತ್ತು.

ಅನುಮಾನವಲ್ಲ, ಎಚ್ಚರ

ಈ ಮನೋಭಾವ ಒಂದೇ ದಿನದಲ್ಲಿ ಹುಟ್ಟಿದ್ದಲ್ಲ. ಸುದ್ದಿ ಬಂದಾಗ ಪರಿಶೀಲಿಸಿ ಎಂಬ ಸೂರಃ ಅಲ್-ಹುಜುರಾತಿನ ಆದೇಶವನ್ನು ಸಹಾಬಿಗಳು ನಿತ್ಯ ಜೀವನದಲ್ಲಿ ಪಾಲಿಸಿದ್ದರು. ಒಮ್ಮೆ ಅಬೂಮೂಸಾ ಅಲ್-ಅಶ್‌ಅರಿ(ರ) ಉಮರ್(ರ)ರ ಮನೆ ಬಾಗಿಲಲ್ಲಿ ಮೂರು ಸಲ ಅನುಮತಿ ಕೇಳಿ, ಉತ್ತರ ಬಾರದಾಗ ಹಿಂದಿರುಗಿದರು. ಕಾರಣ ಕೇಳಿದಾಗ, ಮೂರು ಸಲಕ್ಕೆ ಅನುಮತಿ ಸಿಗದಿದ್ದರೆ ಮರಳಬೇಕೆಂದು ಪ್ರವಾದಿ(ಸ) ಕಲಿಸಿದ್ದಾರೆ ಎಂದರು. ಇದಕ್ಕೆ ಸಾಕ್ಷಿ ತನ್ನಿ ಎಂದರು ಉಮರ್(ರ). ಅಬೂಮೂಸಾ(ರ) ಅನ್ಸಾರ್‌ಗಳ ಸಭೆಗೆ ಹೋದರು. ನಮ್ಮಲ್ಲಿ ಅತಿ ಕಿರಿಯವನೇ ಹೋಗಿ ಸಾಕ್ಷಿ ಹೇಳಲಿ ಎಂದು ಅಲ್ಲಿದ್ದವರು ಅಬೂಸಈದ್ ಅಲ್-ಖುದ್ರಿ(ರ)ಯನ್ನು ಕಳುಹಿಸಿದರು. ಬಳಿಕ ಉಮರ್(ರ) ತಾನು ಅಬೂಮೂಸಾರನ್ನು ಸಂಶಯಿಸಿರಲಿಲ್ಲ, ಪ್ರವಾದಿ(ಸ)ರ ಹೆಸರಿನಲ್ಲಿ ಜನರು ಮನಬಂದಂತೆ ಮಾತನಾಡುವ ಪರಿಪಾಠ ಬೆಳೆಯಬಾರದೆಂದು ಹೀಗೆ ಮಾಡಿದೆ ಎಂದು ವಿವರಿಸಿದರು. ಪರಿಶೀಲನೆಗೂ ಅಪನಂಬಿಕೆಗೂ ನಡುವಿನ ಗೆರೆಯನ್ನು ಅವರು ಎಷ್ಟು ಸ್ಪಷ್ಟವಾಗಿ ಎಳೆದರು ನೋಡಿ.

ಮುಂದೆ ಹದೀಸ್ ವಿದ್ವಾಂಸರು ವರದಿಗಾರರ ನೆನಪಿನ ಶಕ್ತಿ, ಪ್ರಾಮಾಣಿಕತೆ, ಗುರು-ಶಿಷ್ಯರ ಭೇಟಿ ಇವೆಲ್ಲವನ್ನೂ ತೂಗಿ ನೋಡುವ ಒಂದು ಶಾಸ್ತ್ರವನ್ನೇ ಕಟ್ಟಿದರು. ಇಮಾಮ್ ಬುಖಾರಿ(ಹಿಜರಿ 194–256) ಬಗ್ದಾದಿಗೆ ಬಂದಾಗ ಅಲ್ಲಿನ ವಿದ್ವಾಂಸರು ನೂರು ಹದೀಸ್‌ಗಳ ವರದಿ ಸರಣಿಗಳನ್ನು ಬೇಕೆಂದೇ ಅದಲುಬದಲು ಮಾಡಿ, ಹತ್ತು ಮಂದಿಯ ಮೂಲಕ ತಲಾ ಹತ್ತರಂತೆ ಅವರ ಮುಂದಿಟ್ಟ ಪ್ರಸಂಗ ಪ್ರಸಿದ್ಧ. ಬುಖಾರಿಯವರು ಕೋಪಿಸಿಕೊಳ್ಳಲಿಲ್ಲ. ಎಲ್ಲವನ್ನೂ ಕೇಳಿ ಮುಗಿಸಿ, ಒಂದೊಂದನ್ನೂ ಅದರದರ ಸರಣಿಗೆ ಮರಳಿ ಜೋಡಿಸಿ ಹೇಳಿದರು.

ಗ್ರಂಥಗಳನ್ನು ನಕಲು ಮಾಡುವವರೂ ಇದೇ ಶಿಸ್ತನ್ನು ಪಾಲಿಸಿದರು. ನಕಲು ಮಾಡಿದ ಪ್ರತಿಯನ್ನು ಮೂಲದೊಂದಿಗೆ ಓದಿ ಹೋಲಿಸುವುದಕ್ಕೆ ಮುಕಾಬಲಾ ಎನ್ನುತ್ತಿದ್ದರು. ಎಲ್ಲಿಯ ತನಕ ಹೋಲಿಸಿ ನೋಡಲಾಗಿದೆ ಎಂಬುದಕ್ಕೆ ಪುಟದ ಅಂಚಿನಲ್ಲಿ ಗುರುತು ಹಾಕುತ್ತಿದ್ದರು. ಹಳೆಯ ಹಸ್ತಪ್ರತಿಗಳಲ್ಲಿ ಆ ಗುರುತುಗಳನ್ನು ಇಂದಿಗೂ ಕಾಣಬಹುದು.

ಗ್ರೀಕ್ ವೈದ್ಯಗ್ರಂಥಗಳನ್ನು ಅರಬಿ ಮತ್ತು ಸಿರಿಯಾಕ್ ಭಾಷೆಗಳಿಗೆ ತಂದ ಹುನೈನ್ ಬಿನ್ ಇಸ್‌ಹಾಕ್(ನಿಧನ 873) ನೆಸ್ಟೋರಿಯನ್ ಕ್ರೈಸ್ತರು. ಗ್ಯಾಲೆನನ ಒಂದು ಗ್ರಂಥವನ್ನು ಅವರು ಇಪ್ಪತ್ತರ ಆಸುಪಾಸಿನಲ್ಲಿ ಬಹಳ ದೋಷಗಳಿದ್ದ ಪ್ರತಿಯಿಂದ ಅನುವಾದಿಸಿದ್ದರು. ನಲವತ್ತರ ಹೊತ್ತಿಗೆ ಶಿಷ್ಯ ಹುಬೈಶ್ ಅದನ್ನು ತಿದ್ದಿಕೊಡಿ ಎಂದು ಕೇಳಿದಾಗ, ಅಷ್ಟರಲ್ಲಿ ಸಂಗ್ರಹವಾಗಿದ್ದ ಹಲವು ಗ್ರೀಕ್ ಪ್ರತಿಗಳನ್ನು ಒಂದಕ್ಕೊಂದು ಹೋಲಿಸಿ ಸರಿಯಾದ ಪಾಠವನ್ನು ಮೊದಲು ಗೊತ್ತುಮಾಡಿಕೊಂಡರು. ಆಮೇಲೆ ಅನುವಾದವನ್ನು ತಿದ್ದಿದರು. ಇದನ್ನೆಲ್ಲ ಮುಚ್ಚಿಡದೆ ತಾವೇ ಬರೆದಿಟ್ಟಿದ್ದಾರೆ. ಸಾಬಿ, ಕ್ರೈಸ್ತ, ಯಹೂದಿ, ಮುಸ್ಲಿಮ್ ಎಲ್ಲರೂ ಕಲೆತು ಕೆಲಸ ಮಾಡಿದ ಆ ಕಾಲದಲ್ಲಿ ಕೆಲಸದ ಸರಿತಪ್ಪಿಗೆ ಅಳತೆಗೋಲು ಒಂದೇ ಆಗಿತ್ತು.

ಅಳತೆಗೋಲನ್ನೇ ಅಳೆದವರು

ಪರಿಶೀಲನೆಗೆ ಒಂದು ಮಿತಿ ಇದೆ. ಪರೀಕ್ಷಕರು ಹಿಡಿದ ಅಳತೆಗೋಲೇ ತಪ್ಪಾಗಿದ್ದರೆ? ಮೂಳೆ ಕೂಡಿಸುವವರನ್ನು ಪರೀಕ್ಷಿಸುವಾಗ ಮನುಷ್ಯನ ದೇಹದಲ್ಲಿ 248 ಮೂಳೆಗಳಿವೆ ಎಂಬುದು ಅವರಿಗೆ ತಿಳಿದಿರಬೇಕು ಎಂದು ಶೈಝರಿಯ ಕೈಪಿಡಿ ಹೇಳುತ್ತದೆ. ವಯಸ್ಕರಲ್ಲಿ 206 ಮೂಳೆಗಳೆಂದು ಇಂದು ಶಾಲೆಯ ಮಕ್ಕಳಿಗೂ ಗೊತ್ತು. ಅಂದಿನ ಪರೀಕ್ಷೆಯಲ್ಲಿ ಸರಿಯಾಗಿ ಎಣಿಸಿದವನೇ ನಪಾಸಾಗುತ್ತಿದ್ದ!

ಈ ತೊಡಕನ್ನು ಬಿಡಿಸುವ ದಾರಿಯನ್ನೂ ಅದೇ ಪರಂಪರೆಯ ವಿದ್ವಾಂಸರು ತೋರಿಸಿದರು. ಬಗ್ದಾದಿನಲ್ಲಿ ಹುಟ್ಟಿದ ಅಬ್ದುಲ್ಲತೀಫ್ ಅಲ್-ಬಗ್ದಾದಿ(1162–1231) ಈಜಿಪ್ಟಿನಲ್ಲಿದ್ದಾಗ, 1200ರ ಸುಮಾರಿಗೆ ನೈಲ್ ನದಿ ಉಕ್ಕದೆ ಘೋರ ಬರಗಾಲ ಬಂತು. ಜನ ಲೆಕ್ಕವಿಲ್ಲದಷ್ಟು ಸತ್ತರು. ಕೈರೋ ಬಳಿಯ ಮಕ್ಸ್ ಎಂಬಲ್ಲಿ ಅಸ್ಥಿಪಂಜರಗಳ ರಾಶಿಯೇ ಬಿದ್ದಿತ್ತು. ಅಬ್ದುಲ್ಲತೀಫ್ ಅಲ್ಲಿಗೆ ಹೋಗಿ ಮೂಳೆಗಳನ್ನು ನೋಡಿದರು. ಕೆಳದವಡೆ ಎರಡು ಮೂಳೆಗಳು ಸೇರಿ ಆದದ್ದೆಂದು ಗ್ಯಾಲೆನ್ ಬರೆದಿದ್ದ. ಸಾವಿರ ವರ್ಷಗಳಿಂದ ವೈದ್ಯರೆಲ್ಲ ಅದನ್ನೇ ಓದಿ ಒಪ್ಪಿಸುತ್ತಿದ್ದರು. ಅಬ್ದುಲ್ಲತೀಫರಿಗೆ ಕಂಡದ್ದು ಒಂದೇ ಮೂಳೆ, ನಡುವೆ ಸೇರಿಕೆಯ ಗುರುತೇ ಇಲ್ಲ.

ಅವರು ಅಲ್ಲಿಗೇ ನಿಲ್ಲಿಸಲಿಲ್ಲ. ಎರಡು ಸಾವಿರಕ್ಕೂ ಹೆಚ್ಚು ತಲೆಬುರುಡೆಗಳನ್ನು ಪರೀಕ್ಷಿಸಿದ್ದಾಗಿ ಬರೆದಿದ್ದಾರೆ. ಅದೂ ಸಾಲದೆಂದು ಬೇರೆ ಬೇರೆ ಜನರಿಗೆ ಅದೇ ಮೂಳೆಯನ್ನು ನೋಡುವಂತೆ ಹೇಳಿದರು. ತಾವು ಎದುರಿಗಿದ್ದಾಗಲೂ ನೋಡಿಸಿದರು, ತಾವಿಲ್ಲದಾಗಲೂ ನೋಡಿಸಿದರು. ಎಲ್ಲರೂ ಕಂಡದ್ದು ಒಂದನ್ನೇ. ತಾವಿಲ್ಲದಾಗ ಎಂಬ ಈ ಮಾತು ಮುಖ್ಯವಾದುದು. ಗುರುವಿನ ಮುಖ ನೋಡಿ ಹೌದು ಎನ್ನುವುದು ಪರಿಶೀಲನೆಯಲ್ಲ ಎಂದು ಅವರಿಗೆ ಗೊತ್ತಿತ್ತು. ಗ್ಯಾಲೆನನ ಬಗ್ಗೆ ಅವರಿಗೆ ಅಪಾರ ಗೌರವವಿತ್ತು. ಆದರೂ ಅವನ ಮಾತಿಗಿಂತ ಕಣ್ಣಿನ ಸಾಕ್ಷಿ ಹೆಚ್ಚು ನಂಬಿಕೆಗೆ ಅರ್ಹ ಎಂದು ಬರೆದರು. ಅವರಿಗೂ ಹಿಂದೆ ಅರ್-ರಾಝಿ ಗ್ಯಾಲೆನನ ಮೇಲೆ, ಇಬ್ನುಲ್ ಹೈಸಮ್ ಟಾಲೆಮಿಯ ಮೇಲೆ ಸಂದೇಹಗಳ ಗ್ರಂಥಗಳನ್ನೇ ಬರೆದಿದ್ದರು. ಸತ್ಯವನ್ನು ಹುಡುಕುವವನು ಹಿರಿಯರ ಬರಹವನ್ನು ಮಾತ್ರವಲ್ಲ, ಅದನ್ನು ಪರಿಶೀಲಿಸುವ ತನ್ನನ್ನೂ ಸಂದೇಹಿಸಬೇಕು ಎಂಬುದು ಇಬ್ನುಲ್ ಹೈಸಮರ ನಿಲುವು.

ನಂತರದ ದಾರಿ

ಯುರೋಪಿನಲ್ಲಿ ಈ ಪದ್ಧತಿ ಬೇರೆಯೇ ದಾರಿಯಲ್ಲಿ ಬೆಳೆಯಿತು. ಲಂಡನ್ನಿನ ರಾಯಲ್ ಸೊಸೈಟಿಯ ಕಾರ್ಯದರ್ಶಿ ಹೆನ್ರಿ ಓಲ್ಡನ್‌ಬರ್ಗ್ 1665ರಲ್ಲಿ ವಿಜ್ಞಾನದ ಪತ್ರಿಕೆ ಆರಂಭಿಸಿದರು. 1752ರಲ್ಲಿ ಸೊಸೈಟಿ ಲೇಖನಗಳನ್ನು ಆರಿಸಲು ಒಂದು ಸಮಿತಿ ನೇಮಿಸಿತು. 1830ರ ದಶಕದಲ್ಲಿ ವಿಷಯ ಬಲ್ಲವರಿಂದ ಲಿಖಿತ ಅಭಿಪ್ರಾಯ ಪಡೆಯುವ ಕ್ರಮ ಬಂತು. ಪ್ರಸಿದ್ಧ 'ನೇಚರ್' ಪತ್ರಿಕೆ ಇದನ್ನು ಎಲ್ಲ ಲೇಖನಗಳಿಗೂ ಕಡ್ಡಾಯ ಮಾಡಿದ್ದು 1973ರಲ್ಲಿ. ಬಗ್ದಾದಿನಿಂದ ಲಂಡನ್ನಿಗೆ ನೇರ ಗೆರೆ ಎಳೆದು ಎಲ್ಲವೂ ನಮ್ಮದೇ ಎಂದು ಹೆಮ್ಮೆಪಡುವುದು ಪ್ರಾಮಾಣಿಕತೆಯಲ್ಲ. ಶೈಝರಿಯೇ ವೈದ್ಯರನ್ನು ಪರೀಕ್ಷಿಸುವ ಕ್ರಮ ಗ್ರೀಕ್ ಅರಸರ ಕಾಲದ್ದೆಂದು ಹೇಳಿದ್ದಾರೆ. ಒಳ್ಳೆಯದನ್ನು ಎಲ್ಲಿಂದ ಬಂದರೂ ಸ್ವೀಕರಿಸಿ, ಬಂದ ಮೂಲವನ್ನು ಹೇಳುವುದು ಅವರ ಗುಣವಾಗಿತ್ತು.

ನಮ್ಮ ಮನೆಗಳ ಎಷ್ಟೋ ಮಕ್ಕಳು ಇಂದು ಬೆಂಗಳೂರು, ಮಂಗಳೂರು, ಗಲ್ಫ್ ನಾಡುಗಳಲ್ಲಿ ಎಂಜಿನಿಯರರಾಗಿದ್ದಾರೆ. ಸಾಫ್ಟ್‌ವೇರ್ ಬರೆಯುವವರಿಗೆ ತಮ್ಮ ಕೋಡನ್ನು ಸಹೋದ್ಯೋಗಿ ನೋಡಿ ಒಪ್ಪದೆ ಮುಂದೆ ಹೋಗದು ಎಂಬುದು ದಿನನಿತ್ಯದ ಅನುಭವ. ಈ ಕ್ಷೇತ್ರದಲ್ಲಿ ಇದಕ್ಕೆ ಕ್ರಮಬದ್ಧ ರೂಪ ಕೊಟ್ಟವರು ಐಬಿಎಂ ಕಂಪೆನಿಯ ಮೈಕಲ್ ಫೇಗನ್. 1976ರಲ್ಲಿ ಪ್ರಕಟವಾದ ಅವರ ಲೇಖನದ ಪ್ರಕಾರ ಕೆಲವೇ ಮಂದಿ ಕುಳಿತು, ಒಬ್ಬ ಬರೆದ ಪ್ರೋಗ್ರಾಮನ್ನು ಸಾಲು ಸಾಲಾಗಿ ಓದಿ ದೋಷ ಹುಡುಕಬೇಕು. ಹಾಗೆ ಸಿಕ್ಕ ದೋಷಗಳ ಲೆಕ್ಕವನ್ನು ಬರೆದವನ ಯೋಗ್ಯತೆ ಅಳೆಯಲು ಬಳಸಬಾರದು ಎಂಬುದು ಈ ಪದ್ಧತಿಯ ಮುಖ್ಯ ನಿಯಮ. ದೋಷ ಹುಡುಕಬೇಕಾದುದು ಕೆಲಸದಲ್ಲಿ, ಮನುಷ್ಯನಲ್ಲಲ್ಲ. ಉಮರ್(ರ) ಅಬೂಮೂಸಾ(ರ)ರಿಗೆ ಹೇಳಿದ ಮಾತಿನ ತಿರುಳೂ ಇದೇ ಅಲ್ಲವೇ?

ಕಂಪೆನಿಯಲ್ಲಿ ನಾವು ಒಪ್ಪುವ ಈ ಶಿಸ್ತನ್ನು ಊರಿನಲ್ಲಿ ಏಕೆ ಒಪ್ಪುವುದಿಲ್ಲ? ಮಸೀದಿಯ ಕಟ್ಟಡದ ನಕ್ಷೆಯನ್ನು ಮತ್ತೊಬ್ಬ ಎಂಜಿನಿಯರರಿಗೆ ತೋರಿಸೋಣ ಎಂದರೆ, ನನ್ನ ಮೇಲೆ ನಂಬಿಕೆಯಿಲ್ಲವೇ ಎಂದು ಮುನಿಸು ಬರುತ್ತದೆ. ಜಮಾಅತಿನ ಲೆಕ್ಕವನ್ನು ಹೊರಗಿನವರು ನೋಡಲಿ ಎಂದರೆ ಅವಮಾನವಾದಂತೆ ಭಾವಿಸುತ್ತೇವೆ. ವೈದ್ಯರಲ್ಲಿ ಇನ್ನೊಬ್ಬರ ಅಭಿಪ್ರಾಯ ಕೇಳಲೇ ಎನ್ನಲು ನಾಚುತ್ತೇವೆ. ಕೆಲಸ ಒಂದು ಅಮಾನತ್ ಎಂದು ನಂಬಿದ ಮೇಲೆ ಅದನ್ನು ಬಲ್ಲವರ ಮುಂದೆ ತೆರೆದಿಡಲು ಸಂಕೋಚವೇಕೆ? ಇಂದು ಒಬ್ಬ ಸಹೋದರ ತೋರಿಸಿದ ತಪ್ಪನ್ನು ಇಂದೇ ತಿದ್ದಬಹುದು. ನಾಳೆ ಅಲ್ಲಾಹನ ಮುಂದೆ ಪುಟ ತೆರೆದಾಗ ತಿದ್ದಲು ಅವಕಾಶವಿರುವುದಿಲ್ಲ.

ಆದ್ದರಿಂದ ನಮ್ಮ ಮಕ್ಕಳಿಗೆ ಎರಡು ವಿಷಯಗಳನ್ನು ಕಲಿಸೋಣ. ತನ್ನ ಕೆಲಸವನ್ನು ಬಲ್ಲವರಿಗೆ ತೋರಿಸಿ, ಅವರು ಹೇಳಿದ್ದನ್ನು ತಾಳ್ಮೆಯಿಂದ ಕೇಳುವುದು ಒಂದು. ಇತರರ ಕೆಲಸವನ್ನು ಪರಿಶೀಲಿಸುವ ಹೊಣೆ ಬಂದಾಗ ಸ್ನೇಹಕ್ಕೂ ಹಗೆಗೂ ಒಲಿಯದೆ, ಕಂಡದ್ದನ್ನು ಕಂಡಂತೆ ಸೌಜನ್ಯದಿಂದ ಹೇಳುವುದು ಇನ್ನೊಂದು. ಹೆಸರಿಲ್ಲದ ಆ ಬಗ್ದಾದಿನ ರೋಗಿಯ ಪ್ರಾಣಕ್ಕೆ ಬೆಲೆ ಕೊಟ್ಟ ಪರಂಪರೆಗೆ ನಾವು ಸಲ್ಲಿಸಬಹುದಾದ ಗೌರವ ಇದು. ಮಾಡುವ ಕೆಲಸವನ್ನು ಚೆನ್ನಾಗಿ ಮಾಡುವ, ತಪ್ಪನ್ನು ಒಪ್ಪಿ ತಿದ್ದಿಕೊಳ್ಳುವ ಮನಸ್ಸನ್ನು ಅಲ್ಲಾಹನು ನಮಗೆಲ್ಲರಿಗೂ ಕರುಣಿಸಲಿ, ಆಮೀನ್.